ಸೆಪ್ಟೆಂಬರ್ 11: "ಆ ತಾರೀಖೇ ಸರಿಯಿಲ್ವಾ ಟೀಚರ್?" ಅಂದ ಹುಡುಗನಿಗೆ ಏನು ಹೇಳಲಿ?

ಸಮಾಜ ಟೀಚರ್, ರಾಯಚೂರು ಜಿಲ್ಲೆ

ಎಲ್ಲರಿಗೂ ನಮಸ್ಕಾರ. ನಾನು ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನ ಪಾಠ ಮಾಡುತ್ತೇನೆ. ಬೆಳಿಗ್ಗೆ ಪ್ರಾರ್ಥನೆ ಆದಮೇಲೆ ಪೇಪರ್ ಓದುವುದು, ಒಂದು ಸುಭಾಷಿತ, ಆಮೇಲೆ ದಿನದ ವಿಶೇಷ. ನಮ್ಮಲ್ಲಿ ದಿನದ ವಿಶೇಷ ಒಂಬತ್ತನೇ ಕ್ಲಾಸಿನವರ ಪಾಲಿಗೆ. ವಾರಕ್ಕೊಂದು ಗುಂಪು. ಮನೆಯಲ್ಲಿ ಮೊಬೈಲ್ ನೋಡಿ ಬರೆದುಕೊಂಡು ಬರುತ್ತಾರೆ, ನಾನು ತಿದ್ದಿ ಕೊಡುತ್ತೇನೆ, ನೋಟಿಸ್ ಬೋರ್ಡಿಗೆ ಹಾಕುತ್ತಾರೆ.

ಮುಂದಿನ ವಾರದ್ದು ಈಗಲೇ ತಂದಿದ್ದಾರೆ. ಸೆಪ್ಟೆಂಬರ್ 11ಕ್ಕೆ ಇರುವುದು ಮೂರೇ ಸಾಲು. 1948, ಕರಾಚಿಯಲ್ಲಿ ಜಿನ್ನಾ ನಿಧನ. 1973, ಚಿಲಿ ದೇಶದಲ್ಲಿ ಸೇನಾ ದಂಗೆ, ಅಧ್ಯಕ್ಷ ಅಲೆಂದೆ ಸಾವು. 2001, ಅಮೆರಿಕದ ಅವಳಿ ಗೋಪುರಗಳ ಮೇಲೆ ದಾಳಿ. ಗುಂಪಿನವರು ಓದಿ ಮುಗಿಸುತ್ತಿದ್ದ ಹಾಗೆ ಹಿಂದಿನ ಬೆಂಚಿನ ಒಬ್ಬ ಹುಡುಗ ಎದ್ದು ಕೇಳಿದ: "ಟೀಚರ್, ಆ ತಾರೀಖೇ ಸರಿಯಿಲ್ವಾ?" ಪಕ್ಕದವನು ಅದಕ್ಕೆ ಇನ್ನೊಂದು ಸೇರಿಸಿದ: "1973ರದ್ದೂ 2001ರದ್ದೂ ಎರಡೂ ಮಂಗಳವಾರ ಟೀಚರ್, ನಾನು ಮೊಬೈಲಲ್ಲಿ ನೋಡೀನಿ."

ಕ್ಲಾಸಿನಲ್ಲಿ ಯಾರೂ ನಗಲಿಲ್ಲ. ನಮ್ಮ ಕಡೆ ಅಮಾವಾಸ್ಯೆ ದಿನ ಎತ್ತು ಹೂಡುವುದಿಲ್ಲ. ಮಂಗಳವಾರ ಹೊಸ ಕೆಲಸಕ್ಕೆ ಕೈ ಹಾಕಲು ಹಿಂದೆ ಮುಂದೆ ನೋಡುವವರು ಬಹಳ ಮಂದಿ. ಮಕ್ಕಳು ಅದನ್ನೇ ನೋಡಿ ಬೆಳೆದವರು. ಹಾಗಾಗಿ ಅವನ ಪ್ರಶ್ನೆ ಅವರಿಗೆಲ್ಲ ಸರಿಯಾದ ಪ್ರಶ್ನೆಯೇ. "ಹಾಗೆಲ್ಲ ಏನೂ ಇಲ್ಲ ಕೂತ್ಕೋ" ಅಂತ ಬಾಯಿ ಮುಚ್ಚಿಸಲು ನನಗೆ ಮನಸ್ಸಿಲ್ಲ. ಸೋಮವಾರ ಉತ್ತರ ಕೊಡುತ್ತೇನೆ ಅಂತ ಹೇಳಿದ್ದೇನೆ.

ಆ ದಿನ ಚರಿತ್ರೆಯಲ್ಲಿ ಇನ್ನೇನು ನಡೆದಿದೆ? ನಮ್ಮವರಿಗೆ ಸಂಬಂಧಪಟ್ಟದ್ದು ಇದ್ದರೆ ಇನ್ನೂ ಒಳ್ಳೆಯದು. ವಿವೇಕಾನಂದರ ಶಿಕಾಗೋ ಭಾಷಣ ಅದೇ ದಿನ ಅನ್ನುವುದು ನನಗೆ ಗೊತ್ತು, ಅದನ್ನು ಹೇಗೂ ಸೇರಿಸುತ್ತೇನೆ. ಆದರೆ ಪಟ್ಟಿ ಉದ್ದ ಮಾಡಿದರೆ ಸಾಲದು ಅಲ್ವಾ? ಬೇರೆ ಬೇರೆ ವರ್ಷ ಒಂದೇ ತಾರೀಖಿಗೆ ಬಿದ್ದ ಘಟನೆಗಳಿಗೆ ಒಂದಕ್ಕೊಂದು ಸಂಬಂಧ ಇದೆಯೋ ಇಲ್ಲವೋ ಅನ್ನುವುದನ್ನು ಹದಿನಾಲ್ಕು ವರ್ಷದ ಮಕ್ಕಳಿಗೆ ಹೇಗೆ ಹೇಳಿಕೊಡುವುದು?

ಧಾರವಾಡದ ಹಳೇ ಮೇಷ್ಟ್ರು

ಟೀಚರಮ್ಮ, ನಮಸ್ಕಾರ. ಪಿಯು ಕಾಲೇಜಿನಲ್ಲಿ ಇತಿಹಾಸ ಹೇಳಿ ನಿವೃತ್ತನಾದವನು ನಾನು. ನಿಮ್ಮ ಹುಡುಗನ ಪ್ರಶ್ನೆ ಓದಿ ಬಹಳ ಖುಷಿಯಾಯಿತು. ಇತಿಹಾಸದಲ್ಲಿ ಕೇಳಬೇಕಾದ ಪ್ರಶ್ನೆಯ ಪಕ್ಕಕ್ಕೇ ಬಂದು ನಿಂತಿದ್ದಾನೆ. ಅವನಿಗೆ ಒಂದೇ ಒಂದು ಪ್ರಶ್ನೆ ಕಲಿಸಿಬಿಡಿ: ಈ ತಾರೀಖನ್ನು ಆರಿಸಿದವರು ಯಾರು? ಯಾಕೆ ಆರಿಸಿದರು? ಪ್ರತಿ ಘಟನೆಗೂ ಇದನ್ನೇ ಕೇಳಲಿ. ಅರ್ಧ ಗೊಂದಲ ಅಲ್ಲೇ ಹೋಗುತ್ತದೆ.

ಮೊದಲು ಮಂಗಳವಾರದ ವಿಷಯಕ್ಕೆ ಬರುತ್ತೇನೆ. 1906ರ ಸೆಪ್ಟೆಂಬರ್ 11 ಕೂಡ ಮಂಗಳವಾರವೇ. ಅವತ್ತು ದಕ್ಷಿಣ ಆಫ್ರಿಕಾದ ಜೊಹಾನ್ಸ್‌ಬರ್ಗಿನಲ್ಲಿ ಎಂಪೈರ್ ಥಿಯೇಟರ್ ಎಂಬ ನಾಟಕದ ಮನೆಯಲ್ಲಿ ಸುಮಾರು ಮೂರು ಸಾವಿರ ಭಾರತೀಯರು ಸೇರಿದ್ದರು. ಗಾಂಧೀಜಿಯ ಸತ್ಯಾಗ್ರಹ ಹುಟ್ಟಿದ್ದು ಆ ಸಭೆಯಲ್ಲಿ. ನಿಮ್ಮ ಬೋರ್ಡಿನಲ್ಲಿ ಇದಕ್ಕೆ ದೊಡ್ಡ ಅಕ್ಷರದ ಜಾಗ ಕೊಡಿ ಅಂತ ನನ್ನ ಕೋರಿಕೆ. ಶಾಲೆಯ ಪಟ್ಟಿಗಳಲ್ಲಿ ಇದು ಯಾಕೋ ಬಿಟ್ಟೇ ಹೋಗುತ್ತದೆ.

ಜೊಹಾನ್ಸ್‌ಬರ್ಗ್ ಇದ್ದ ಟ್ರಾನ್ಸ್‌ವಾಲ್ ಎಂಬ ಬ್ರಿಟಿಷ್ ವಸಾಹತಿನ ಸರ್ಕಾರ ಆಗಸ್ಟ್ 22ರ ಗೆಜೆಟ್ಟಿನಲ್ಲಿ ಒಂದು ಕರಡು ಕಾನೂನು ಪ್ರಕಟಿಸಿತ್ತು. ಅಲ್ಲಿರುವ ಭಾರತೀಯರೆಲ್ಲ ಹೊಸದಾಗಿ ಹೆಸರು ನೋಂದಾಯಿಸಬೇಕು, ಬೆರಳಚ್ಚು ಕೊಡಬೇಕು, ಪೊಲೀಸರು ಕೇಳಿದಲ್ಲಿ ಚೀಟಿ ತೋರಿಸಬೇಕು. ಗಂಡಸರು ಮಾತ್ರ ಅಲ್ಲ, ಹೆಂಗಸರೂ, ಎಂಟು ವರ್ಷ ದಾಟಿದ ಮಕ್ಕಳೂ. ಇದನ್ನು ಮಕ್ಕಳಿಗೆ ತಪ್ಪದೆ ಹೇಳಿ. ನಿಮ್ಮ ಶಾಲೆಯಲ್ಲಿ ಇರುವ ಒಬ್ಬೊಬ್ಬರಿಗೂ ಅನ್ವಯಿಸುತ್ತಿದ್ದ ಕಾನೂನು ಅದು. ಬೆರಳಚ್ಚು ಆ ಕಾಲಕ್ಕೆ ಅಪರಾಧಿಗಳಿಂದ ತೆಗೆದುಕೊಳ್ಳುತ್ತಿದ್ದದ್ದು.

ಸಭೆಯ ಅಧ್ಯಕ್ಷತೆ ಅಬ್ದುಲ್ ಗನಿ ಎಂಬ ವ್ಯಾಪಾರಿಯದು. ಒಂದೊಂದೇ ಠರಾವು ಪಾಸಾಗುತ್ತಾ ನಾಲ್ಕನೆಯದು ಬಂತು. ಕಾನೂನು ಬಂದರೂ ತಲೆ ಬಾಗುವುದಿಲ್ಲ, ಜೈಲಿಗೆ ಹೋದರೂ ಸರಿ ಅನ್ನುವ ಠರಾವು. ಸೇಠ್ ಹಾಜಿ ಹಬೀಬ್ ಎದ್ದು ನಿಂತು, ಇದನ್ನು ದೇವರ ಮೇಲೆ ಆಣೆ ಇಟ್ಟು ಪಾಸು ಮಾಡೋಣ ಅಂದರು. ಗಾಂಧೀಜಿ ಒಂದು ಕ್ಷಣ ಬೆಚ್ಚಿದರಂತೆ. ಅವರೇ ಬರೆದುಕೊಂಡಿದ್ದಾರೆ. ಯಾಕೆಂದರೆ ಕೈ ಎತ್ತಿ ಪಾಸು ಮಾಡಿದ ಠರಾವನ್ನು ನಾಳೆ ಬದಲಾಯಿಸಬಹುದು, ಆಣೆಯನ್ನು ಬದಲಾಯಿಸಲು ಬರುವುದಿಲ್ಲ. ಆಮೇಲೆ ಅವರು ವೇದಿಕೆಗೆ ಬಂದು ಜನರನ್ನು ಹುರಿದುಂಬಿಸುವ ಬದಲು ಎಚ್ಚರಿಸಿದರು. ಜೈಲು, ಹಸಿವು, ಏಟು, ಆಸ್ತಿ ಹರಾಜು, ಗಡೀಪಾರು, ಸಾವು, ಏನು ಬೇಕಾದರೂ ಬರಬಹುದು. ಪಕ್ಕದವನನ್ನು ನೋಡಿ ಆಣೆ ಮಾಡಬೇಡಿ, ಒಬ್ಬರೇ ಉಳಿದರೂ ನಿಲ್ಲುತ್ತೇನೆ ಅನ್ನುವವರು ಮಾತ್ರ ಮಾಡಿ ಅಂದರು. ಕೊನೆಗೆ ಎಲ್ಲರೂ ಎದ್ದು ನಿಂತು ಕೈ ಎತ್ತಿ ಆಣೆ ಮಾಡಿದರು. ಆ ಹೋರಾಟ ಒಂದು ಹಂತಕ್ಕೆ ಬಂದು ನಿಂತಿದ್ದು 1914ರಲ್ಲಿ.

ಈಗ ನಿಮ್ಮ ಹುಡುಗನಿಗೆ ನೇರವಾಗಿ ಬೇಕಾದ ಮಾತು. ಆ ಸಭೆಯಾದ ಬೆನ್ನಲ್ಲೇ ಎಂಪೈರ್ ಥಿಯೇಟರ್ ಬೆಂಕಿ ಬಿದ್ದು ಸುಟ್ಟುಹೋಯಿತು. ಸ್ನೇಹಿತರು ಓಡಿ ಬಂದು ಗಾಂಧೀಜಿಗೆ ಹೇಳಿದರು: ಇದು ಒಳ್ಳೆಯ ಶಕುನ, ಥಿಯೇಟರ್ ಸುಟ್ಟ ಹಾಗೇ ಕಾನೂನೂ ಸುಟ್ಟು ಹೋಗುತ್ತದೆ! ಇಂಥ ಶಕುನಗಳಿಗೆ ನಾನು ಯಾವತ್ತೂ ಬೆಲೆ ಕೊಟ್ಟವನಲ್ಲ ಅಂತ ಗಾಂಧೀಜಿ ಬರೆಯುತ್ತಾರೆ. ಮುಂದೆ ಏನಾಯಿತು? ಲಂಡನ್ ಸರ್ಕಾರ ಆ ಕರಡಿಗೆ ಒಪ್ಪಿಗೆ ಕೊಡಲಿಲ್ಲ. ಶಕುನ ನಿಜವಾಯಿತು ಅಂತ ಜನ ಅಂದುಕೊಂಡಿರಬಹುದು. 1907ರಲ್ಲಿ ಟ್ರಾನ್ಸ್‌ವಾಲಿಗೆ ಸ್ವಂತ ಸರ್ಕಾರ ಬಂತು, ಬಂದ ಕೂಡಲೇ ಅದೇ ಕಾನೂನನ್ನು ಪಾಸು ಮಾಡಿತು. ಬೆಂಕಿ ಯಾವ ಕಾನೂನನ್ನೂ ಸುಡಲಿಲ್ಲ. ಅದನ್ನು ಎದುರಿಸಿದ್ದು ಜೈಲಿಗೆ ಹೋದ ಜನ.

1893ರ ಶಿಕಾಗೋ ನಿಮಗೆ ಗೊತ್ತಿದೆ. ಅದು ಸೋಮವಾರ. ಅಲ್ಲಿ ತಾರೀಖು ಆರಿಸಿದ್ದು ಸಮ್ಮೇಳನದ ವ್ಯವಸ್ಥಾಪಕರು. ಕೊಲಂಬಸ್ ಅಮೆರಿಕ ತಲುಪಿ 400 ವರ್ಷ ಆದ ನೆನಪಿಗೆ ನಡೆದ ದೊಡ್ಡ ವಸ್ತುಪ್ರದರ್ಶನದ ಜೊತೆಗೆ ಹಲವು ಸಮ್ಮೇಳನ ಇಟ್ಟುಕೊಂಡಿದ್ದರು, ಸರ್ವಧರ್ಮ ಸಮ್ಮೇಳನ ಅವುಗಳಲ್ಲೊಂದು. ವಿವೇಕಾನಂದರು ಜುಲೈ ಕೊನೆಗೇ ಶಿಕಾಗೋ ಮುಟ್ಟಿದ್ದರು. ಸಮ್ಮೇಳನ ಸೆಪ್ಟೆಂಬರಿಗೆ ಅಂತ ತಿಳಿದು, ಕೈಯಲ್ಲಿ ಕಾಸು ಕರಗುತ್ತಾ ಬಂದು, ಖರ್ಚು ಕಡಿಮೆ ಅಂತ ಬೋಸ್ಟನ್ ಕಡೆ ಹೋದರು. ಅಂದರೆ ಆ ತಾರೀಖು ಅವರು ನೋಡಿಟ್ಟ ಮುಹೂರ್ತ ಅಲ್ಲ, ಅವರಿಗೆ ತೊಂದರೆ ಕೊಟ್ಟ ತಾರೀಖು. ನಮ್ಮ ನಂಟು ಹೇಳಬೇಕೆಂದರೆ, ಅದರ ಹಿಂದಿನ ವರ್ಷವೇ ಅವರು ಬೆಳಗಾವಿ, ಬೆಂಗಳೂರು, ಮೈಸೂರು ನೋಡಿದ್ದರು. ಮೈಸೂರಿನಲ್ಲಿ ದಿವಾನ್ ಶೇಷಾದ್ರಿ ಅಯ್ಯರ್ ಅವರ ಅತಿಥಿ. ಚಾಮರಾಜೇಂದ್ರ ಒಡೆಯರು ಪ್ರವಾಸಕ್ಕೆ ನೆರವಾಗುವ ಮಾತು ಕೊಟ್ಟಿದ್ದರು. 1894ರಲ್ಲಿ ಶಿಕಾಗೋದಿಂದ ಮಹಾರಾಜರಿಗೆ ಬರೆದ ಪತ್ರ ಈಗಲೂ ಓದಲು ಸಿಗುತ್ತದೆ.

ಮೊದಲ ದಿನದ ಆ ಪುಟ್ಟ ಭಾಷಣದ ಕೊನೆಯಲ್ಲಿ ಅವರು, ಬೆಳಿಗ್ಗೆ ಈ ಸಭೆಗಾಗಿ ಬಾರಿಸಿದ ಗಂಟೆ ಧರ್ಮದ ಹುಚ್ಚಿಗೆ, ಕತ್ತಿಯಿಂದಲೋ ಲೇಖನಿಯಿಂದಲೋ ಮಾಡುವ ಹಿಂಸೆಗೆ ಸಾವಿನ ಗಂಟೆಯಾಗಲಿ ಅಂತ ಆಶಿಸಿದರು. 2001ರಲ್ಲಿ ಅದೇ ತಾರೀಖು ನಾಲ್ಕು ವಿಮಾನ, 19 ಅಪಹರಣಕಾರರು, 2977 ಜನರ ಸಾವು. ಎರಡನ್ನೂ ಪಕ್ಕಪಕ್ಕ ಇಟ್ಟು ಇದರಲ್ಲಿ ಏನೋ ಗೂಢ ಅರ್ಥ ಇದೆ ಅನ್ನುವ ಮೆಸೇಜುಗಳು ಪ್ರತಿ ವರ್ಷ ನಮ್ಮ ಗ್ರೂಪುಗಳಲ್ಲಿ ಹರಿದಾಡುತ್ತವೆ. ಪಕ್ಕಪಕ್ಕ ಇಟ್ಟು ಯೋಚಿಸುವುದು ಒಳ್ಳೆಯದೇ. ಆದರೆ ಅಮೆರಿಕದ ತನಿಖಾ ಆಯೋಗದ ವರದಿ ಪ್ರಕಾರ ದಾಳಿಕೋರರ ಮುಖ್ಯಸ್ಥ ಅತ್ತಾ ತಾರೀಖು ಗೊತ್ತುಮಾಡಿದ್ದು ಆಗಸ್ಟ್ ಮೂರನೇ ವಾರದ ಹೊತ್ತಿಗೆ. ಯಾವುದೋ ಹಳೇ ಘಟನೆಯ ನೆನಪಿಗೆ ಆರಿಸಿದ್ದು ಅನ್ನುವುದಕ್ಕೆ ಆಧಾರ ಇಲ್ಲ.

ಚಿಲಿಯ ಕತೆಯಲ್ಲಿ ಎರಡೂ ಇದೆ: ಹಳೇ ನೆನಪಿಗೆ ಆರಿಸದ ತಾರೀಖೂ, ನೆನಪಿಗೆಂದೇ ಆರಿಸಿದ ತಾರೀಖೂ. 1973ರ ಆ ಮಂಗಳವಾರ ವಾಯುಪಡೆಯ ಹಾಕರ್ ಹಂಟರ್ ವಿಮಾನಗಳು ಸ್ಯಾಂಟಿಯಾಗೋದ ಲಾ ಮೊನೇದಾ ಅರಮನೆಯ ಮೇಲೆ ಬಾಂಬು ಹಾಕಿದವು. ಜನ ಓಟು ಹಾಕಿ ಆರಿಸಿದ ಅಧ್ಯಕ್ಷ ಸಾಲ್ವದೋರ್ ಅಲೆಂದೆ ಒಳಗೇ ಪ್ರಾಣ ಕಳೆದುಕೊಂಡರು. ಬೆಳಿಗ್ಗೆ ರೇಡಿಯೋದಲ್ಲಿ ಜನರಿಗೆ ಕೊನೆಯ ಮಾತು ಹೇಳಿದ್ದರು. ದಂಗೆಯ ಮುಖಂಡ ಜನರಲ್ ಪಿನೊಚೆ 1990ರವರೆಗೆ ಆಳಿದ. ಮೂರು ಸಾವಿರಕ್ಕೂ ಜಾಸ್ತಿ ಜನ ಕೊಲೆಯಾದರು ಇಲ್ಲವೇ ಕಾಣೆಯಾದರು. ಇದು ತಾರೀಖಿನ ತಪ್ಪಲ್ಲ. ಆದರೆ ಮುಂದಿನದು ನೋಡಿ. ಪಿನೊಚೆ ತನ್ನ ಹೊಸ ಸಂವಿಧಾನಕ್ಕೆ ಜನಮತ ತೆಗೆದುಕೊಂಡದ್ದು 1980ರ ಸೆಪ್ಟೆಂಬರ್ 11ರಂದೇ. ದಂಗೆಯ ದಿನವನ್ನೇ ಬೇಕೆಂದು ಇಟ್ಟುಕೊಂಡದ್ದು. ರಾಜಧಾನಿಯ ಒಂದು ದೊಡ್ಡ ರಸ್ತೆಗೆ 'ಸೆಪ್ಟೆಂಬರ್ 11 ರಸ್ತೆ' ಅಂತಲೇ ಹೆಸರಿಟ್ಟರು. ಪ್ರಜಾಪ್ರಭುತ್ವ ವಾಪಸ್ ಬಂದ ಮೇಲೂ ಆ ಬೋರ್ಡು ಹಾಗೇ ಇತ್ತು. 2013ರಲ್ಲಿ ಹೆಸರು ಬದಲಾಯಿತು. ಅಪ್ಪನನ್ನೋ ಮಗನನ್ನೋ ಕಳೆದುಕೊಂಡವರು ಅಷ್ಟು ವರ್ಷ ಆ ಬೋರ್ಡಿನ ಕೆಳಗೇ ಓಡಾಡಬೇಕಾಯಿತಲ್ಲ ಅಂತ ನೆನೆದರೆ ನನಗೆ ಸಂಕಟವಾಗುತ್ತದೆ.

ಇನ್ನು ಜಿನ್ನಾ. ನಿಮ್ಮ ಜಿಲ್ಲೆಯ ಮಕ್ಕಳಿಗೆ ಇದು ಬಹಳ ಹತ್ತಿರದ ವಿಷಯ. 1948ರ ಸೆಪ್ಟೆಂಬರ್ 11, ಶನಿವಾರ. ಕ್ವೆಟ್ಟಾದಿಂದ ವಿಮಾನದಲ್ಲಿ ಕರಾಚಿಗೆ ತಂದರು. ವಿಮಾನ ನಿಲ್ದಾಣದಿಂದ ಬರುವ ದಾರಿಯಲ್ಲಿ ಆಂಬುಲೆನ್ಸ್ ಕೆಟ್ಟು ನಿಂತಿತು. ಬೇರೆ ಗಾಡಿ ಬರುವವರೆಗೆ ಕಾಯಬೇಕಾಯಿತು. ಅದೇ ರಾತ್ರಿ ತೀರಿಕೊಂಡರು. ಸೋಮವಾರ, 13ನೇ ತಾರೀಖು, ಭಾರತದ ಸೇನೆ ಹೈದರಾಬಾದ್ ಸಂಸ್ಥಾನದೊಳಕ್ಕೆ ನುಗ್ಗಿತು. 17ಕ್ಕೆ ನಿಜಾಮ ಸೋಲೊಪ್ಪಿದ. ಬೀದರ, ಕಲಬುರಗಿ, ರಾಯಚೂರು ಬಿಡುಗಡೆಯಾದವು. ಜಿನ್ನಾ ಸತ್ತದ್ದಕ್ಕೇ ಸೇನೆ ಹೋಯಿತು ಅಂತ ಹೇಳುವವರು ನಮ್ಮಲ್ಲಿ ಬಹಳ ಜನ. ಸೇನೆ ಕಳಿಸುವ ನಿರ್ಧಾರ ಅದಕ್ಕೂ ಮೊದಲೇ ಆಗಿತ್ತು. ಎರಡು ದಿನದ ಅಂತರ ನೋಡಿ ಕಾರಣ ಕಟ್ಟಿದ್ದು ಆಮೇಲೆ. ಒಂದೇ ವಾರದ ಎರಡು ಘಟನೆಗಳಿಗೇ ಹೀಗಾದರೆ, ನಡುವೆ ಐವತ್ತು ವರ್ಷ ಇರುವ ಘಟನೆಗಳಿಗೆ ನಂಟು ಕಟ್ಟುವಾಗ ಎಷ್ಟು ಹುಷಾರಾಗಿರಬೇಕು!

ವಿನೋಬಾ ಭಾವೆ ಹುಟ್ಟಿದ್ದೂ 1895ರ ಇದೇ ತಾರೀಖು. ಊರಿನ ಜಮೀನನ್ನು ಊರಿಗೇ ಬಿಟ್ಟುಕೊಡುವ ಅವರ ಗ್ರಾಮದಾನ ಚಳವಳಿಯ ಬಗ್ಗೆ ಮೈಸೂರಿನ ಹತ್ತಿರ ಯಲವಾಲದಲ್ಲಿ 1957ರಲ್ಲಿ ಸಮ್ಮೇಳನ ನಡೆದಾಗ ನೆಹರೂ ಕೂಡ ಬಂದಿದ್ದರು. ಅದನ್ನೂ ಒಂದು ಸಾಲು ಹಾಕಿ.

ಗಾರ್ಡ್ ಮಗಳು, ಚಾಮರಾಜನಗರ

ಮೇಡಂ, ನಿಮ್ಮ ಪಟ್ಟಿಗೆ ನಮ್ಮನೆಯದೊಂದು ಸೇರಿಸಿ. ಸೆಪ್ಟೆಂಬರ್ 11 ರಾಷ್ಟ್ರೀಯ ಅರಣ್ಯ ಹುತಾತ್ಮರ ದಿನ. ನಮ್ಮಪ್ಪ ಫಾರೆಸ್ಟ್ ಗಾರ್ಡ್ ಆಗಿದ್ದವರು. ಅವತ್ತು ಬೆಳಿಗ್ಗೆ ಖಾಕಿಗೆ ಇಸ್ತ್ರಿ ಹಾಕಿ, ಬೂಟಿಗೆ ಪಾಲಿಶ್ ಮಾಡಿ, ತಿಂಡಿ ತಿನ್ನದೆ ಹೊರಡುತ್ತಿದ್ದರು. ಸ್ಮಾರಕದ ಮುಂದೆ ಸಾಲಾಗಿ ನಿಲ್ಲುತ್ತಾರೆ. ಕಳ್ಳಬೇಟೆಯವರ ಗುಂಡಿಗೆ, ಆನೆ ತುಳಿತಕ್ಕೆ, ಕಾಡುಬೆಂಕಿಗೆ ಸಿಕ್ಕಿ ಸತ್ತವರ ಹೆಸರು ಒಬ್ಬೊಬ್ಬರದಾಗಿ ಓದುತ್ತಾರೆ. ವಾಚರ್ ಹೆಸರೂ ಇರುತ್ತದೆ, ದೊಡ್ಡ ಆಫೀಸರ್ ಹೆಸರೂ ಇರುತ್ತದೆ. ವೀರಪ್ಪನ್ ಕೈಯಲ್ಲಿ 1991ರ ನವೆಂಬರ್ 10ರಂದು ಹತರಾದ ಡಿಸಿಎಫ್ (ಉಪ ಅರಣ್ಯ ಸಂರಕ್ಷಣಾಧಿಕಾರಿ) ಪಿ. ಶ್ರೀನಿವಾಸ್ ಅವರ ಹೆಸರು ಬಂದಾಗ ನಮ್ಮ ಕಡೆಯವರಿಗೆ ಈಗಲೂ ಕಣ್ಣು ತುಂಬುತ್ತದೆ. ಹೆಸರು ಓದಿದ ಮೇಲೆ ಗಾಳಿಯಲ್ಲಿ ಗುಂಡು ಹಾರಿಸಿ ಗೌರವ ಕೊಡುತ್ತಾರೆ. ಅಪ್ಪ ಮನೆಗೆ ಬಂದಮೇಲೆ ಜೊತೆಯಲ್ಲಿ ಡ್ಯೂಟಿ ಮಾಡಿದವರ ಮಾತು ತೆಗೆಯುತ್ತಿದ್ದರು. ಬೇರೆ ದಿನ ತೆಗೆಯುತ್ತಿರಲಿಲ್ಲ.

ಮೇಷ್ಟ್ರು ಹೇಳಿದ ಪ್ರಶ್ನೆ ಇದಕ್ಕೂ ಹಾಕಿ. ಈ ತಾರೀಖನ್ನು ಯಾರು ಆರಿಸಿದರು? 2013ರಲ್ಲಿ ಕೇಂದ್ರದ ಪರಿಸರ ಮತ್ತು ಅರಣ್ಯ ಸಚಿವಾಲಯ ಆರಿಸಿತು. ಯಾಕೆ ಆರಿಸಿತು ಅಂದರೆ ಖೇಜಡ್ಲಿ ನೆನಪಿಗೆ. ರಾಜಸ್ಥಾನದಲ್ಲಿ ಜೋಧಪುರದ ಹತ್ತಿರದ ಒಂದು ಹಳ್ಳಿ ಅದು. 1730ರಲ್ಲಿ ಅಲ್ಲಿಯ ಮಹಾರಾಜ ಅಭಯ್ ಸಿಂಗ್ ಹೊಸ ಅರಮನೆ ಕಟ್ಟಿಸುತ್ತಿದ್ದ. ಸುಣ್ಣ ಸುಡಲು ಸೌದೆ ಬೇಕಿತ್ತು. ಬಿಷ್ಣೋಯಿ ಜನರ ಊರಿನ ಮರ ಕಡಿಯಲು ಆಳುಗಳು ಬಂದರು. ಅಮೃತಾ ದೇವಿ ಎಂಬ ಹೆಂಗಸು ಮರವನ್ನು ತಬ್ಬಿ ನಿಂತಳು. ತಲೆ ಹೋದರೂ ಪರವಾಗಿಲ್ಲ, ಮರ ಉಳಿದರೆ ಲಾಭವೇ ಅಂದಳಂತೆ. ಅವಳ ತಲೆ ಕಡಿದರು. ಅವಳ ಮೂರು ಹೆಣ್ಣುಮಕ್ಕಳೂ ಅದೇ ಥರ ತಬ್ಬಿ ನಿಂತರು, ಅವರನ್ನೂ ಕಡಿದರು. ಸುತ್ತಲಿನ ಹಳ್ಳಿಗಳ ಬಿಷ್ಣೋಯಿಗಳು ಬಂದು ಬಂದು ಮರ ತಬ್ಬಿದರು. ಒಟ್ಟು 363 ಜನ. ಕೊನೆಗೆ ರಾಜ ಕಡಿಯುವುದನ್ನು ನಿಲ್ಲಿಸಿದ, ಬಿಷ್ಣೋಯಿ ಊರುಗಳಲ್ಲಿ ಮರ ಕಡಿಯಬಾರದು ಅಂತ ಅಪ್ಪಣೆ ಮಾಡಿದ.

ಆ ಮರ ಯಾವುದು ಗೊತ್ತಾ ಮೇಡಂ? ಅವರು ಖೇಜಡಿ ಅನ್ನುವುದು ನಮ್ಮ ಬನ್ನಿ ಮರವನ್ನೇ. ದಸರೆಗೆ ಬನ್ನಿ ಹಂಚಿ "ಬನ್ನಿ ತಗೊಂಡು ಬಂಗಾರದಂಗಿರೋಣ" ಅಂತೀವಲ್ಲ, ಅದೇ. ನಿಮ್ಮ ರಾಯಚೂರು ಕಡೆ ಹೊಲದ ಬದುವಿನಲ್ಲಿ ಬೇಕಾದಷ್ಟು ಇರುತ್ತದೆ. ಆ ಹುಡುಗನಿಗೆ ಒಂದು ಟೊಂಗೆ ತರಲು ಹೇಳಿ, ಬೋರ್ಡಿನ ಪಕ್ಕ ಕಟ್ಟಿ. ಒಂದೇ ಸಣ್ಣದು ಸಾಕು. ಬನ್ನಿಗೆ ಮುಳ್ಳು ಇರುತ್ತದೆ, ಕೈ ಜೋಪಾನ.

ಪಂಚಾಂಗದ ಹುಚ್ಚು, ಶೃಂಗೇರಿ

ಮೇಲಿನವರು ಖೇಜಡ್ಲಿ ವಿಷಯ ಎತ್ತಿದ್ದರಿಂದ ಇದನ್ನು ಹೇಳಲೇಬೇಕು. ಆ ಊರಿನವರು ನೆನೆಯುವುದು ತಾರೀಖಿನಿಂದ ಅಲ್ಲ, ತಿಥಿಯಿಂದ. ಭಾದ್ರಪದ ಶುದ್ಧ ದಶಮಿ. ನಮ್ಮ ಗಣೇಶನ ಹಬ್ಬ ಚೌತಿಗೆ, ಅಲ್ಲಿಂದ ಆರು ದಿನಕ್ಕೆ ದಶಮಿ. ಅವತ್ತು ಖೇಜಡ್ಲಿಯಲ್ಲಿ ಜಾತ್ರೆ ಸೇರುತ್ತದೆ. ಹಾಗಾದರೆ ಸೆಪ್ಟೆಂಬರ್ 11 ಎಲ್ಲಿಂದ ಬಂತು?

ಲೆಕ್ಕ ಹಾಕುವುದು ಕಷ್ಟವಲ್ಲ. ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಸರಾಸರಿ 29.53059 ದಿನ. 2000ನೇ ಇಸವಿಯ ಜನವರಿ 6ರಂದು ಅಮಾವಾಸ್ಯೆ ಇತ್ತು. ಅಲ್ಲಿಂದ 3331 ಚಾಂದ್ರಮಾಸ ಹಿಂದಕ್ಕೆ ಹೋದರೆ 98,366 ದಿನ. ಈಗಿನ ಕ್ಯಾಲೆಂಡರಿನಲ್ಲಿ ಅದು 1730ರ ಸೆಪ್ಟೆಂಬರ್ 11-12ರ ಹತ್ತಿರ ಬಂದು ನಿಲ್ಲುತ್ತದೆ. ಅಂದರೆ ಈಗಿನ ಲೆಕ್ಕದ ಸೆಪ್ಟೆಂಬರ್ 11 ದಶಮಿ ಅಲ್ಲ, ಅಮಾವಾಸ್ಯೆಯ ಆಸುಪಾಸು! ದಶಮಿ ಬರುವುದು ಸೆಪ್ಟೆಂಬರ್ 21-22ರ ಹೊತ್ತಿಗೆ.

ಹಾಗಂತ 11 ಸುಳ್ಳಲ್ಲ. 1730ರಲ್ಲಿ ಇಂಗ್ಲಿಷರು ಇನ್ನೂ ಜೂಲಿಯನ್ ಅನ್ನುವ ಹಳೇ ಕ್ಯಾಲೆಂಡರ್ ಬಳಸುತ್ತಿದ್ದರು. ಅದು ಈಗಿನದಕ್ಕಿಂತ 11 ದಿನ ಹಿಂದೆ. ಈಗಿನ ಸೆಪ್ಟೆಂಬರ್ 22 ಆ ಕ್ಯಾಲೆಂಡರಿನಲ್ಲಿ ಸರಿಯಾಗಿ ಸೆಪ್ಟೆಂಬರ್ 11. ಸರಾಸರಿ ಲೆಕ್ಕವಾದ್ದರಿಂದ ಒಂದು ದಿನ ಹೆಚ್ಚುಕಡಿಮೆ ಆಗಬಹುದು, ಆದರೆ ತಿಥಿಗೂ ತಾರೀಖಿಗೂ ಹೆಚ್ಚುಕಡಿಮೆ ಕೂಡುತ್ತದೆ. ಹಾಗಾಗಿ ಖೇಜಡ್ಲಿಯ ಸೆಪ್ಟೆಂಬರ್ 11, ಶಿಕಾಗೋದ ಸೆಪ್ಟೆಂಬರ್ 11, ನ್ಯೂಯಾರ್ಕಿನ ಸೆಪ್ಟೆಂಬರ್ 11 ಕಾಗದದ ಮೇಲೆ ಒಂದೇ. ಭೂಮಿ ಸೂರ್ಯನ ಸುತ್ತ ಸುತ್ತುವ ದಾರಿಯಲ್ಲಿ ನೋಡಿದರೆ ಮೊದಲನೆಯದು ಬೇರೆ ಜಾಗ.

ಬ್ರಿಟನ್ ಕ್ಯಾಲೆಂಡರ್ ಬದಲಾಯಿಸಿದ್ದು 1752ರಲ್ಲಿ. ಹಿಂದೆ ಉಳಿದಿದ್ದ 11 ದಿನ ಸರಿಮಾಡಲು ಸೆಪ್ಟೆಂಬರ್ 2 ಬುಧವಾರ ಆದಮೇಲೆ ನೇರ ಸೆಪ್ಟೆಂಬರ್ 14 ಗುರುವಾರಕ್ಕೆ ಹಾರಿದರು. ಅಂದರೆ ಬ್ರಿಟನ್ನಿನಲ್ಲಿ, ಅದರ ವಸಾಹತಾಗಿದ್ದ ನ್ಯೂಯಾರ್ಕಿನಲ್ಲಿ ಕೂಡ, 1752ರಲ್ಲಿ ಸೆಪ್ಟೆಂಬರ್ 11 ಅನ್ನುವ ದಿನವೇ ಬರಲಿಲ್ಲ. ಟೀಚರ್, ಆ ಹುಡುಗನಿಗೆ ಇದನ್ನು ಹೇಳಿ. ದಿನ ಕೆಟ್ಟದ್ದಾಗಿದ್ದರೆ ಪಾರ್ಲಿಮೆಂಟಿನ ಒಂದು ಕಾಯ್ದೆ ಅದನ್ನು ಅಳಿಸಿ ಹಾಕಲು ಆಗುತ್ತಿತ್ತಾ? ತಾರೀಖು ಮನುಷ್ಯರು ಇಟ್ಟುಕೊಂಡ ಹೆಸರು. ಇಥಿಯೋಪಿಯಾದ ಕ್ಯಾಲೆಂಡರೇ ಬೇರೆ. ಸಾಮಾನ್ಯವಾಗಿ ನಮ್ಮ ಸೆಪ್ಟೆಂಬರ್ 11ಕ್ಕೆ ಅವರ ಹೊಸ ವರ್ಷ. 2001ರಲ್ಲೂ ಅವತ್ತೇ ಬಂದಿತ್ತು.

ಇಂಥದ್ದು ಇನ್ನೊಂದಿದೆ. ಷೇಕ್ಸ್‌ಪಿಯರ್, ಸೆರ್ವಾಂಟಿಸ್ ಇಬ್ಬರೂ 1616ರ ಏಪ್ರಿಲ್ 23ಕ್ಕೆ ತೀರಿಕೊಂಡರು ಅಂತ ಜಗತ್ತೆಲ್ಲ ಹೇಳುತ್ತದೆ. ಸ್ಪೇನ್ ಆಗಲೇ ಹೊಸ ಕ್ಯಾಲೆಂಡರಿಗೆ ಬಂದಿತ್ತು, ಇಂಗ್ಲೆಂಡ್ ಬಂದಿರಲಿಲ್ಲ. ಆಗ ಎರಡು ಕ್ಯಾಲೆಂಡರಿನ ನಡುವೆ ಹತ್ತು ದಿನದ ಅಂತರ, ಹಾಗಾಗಿ ಇಬ್ಬರೂ ಸತ್ತದ್ದು ಒಂದೇ ದಿನ ಅಲ್ಲ.

ಲೆಕ್ಕದ ಮೇಡಂ, ತುಮಕೂರು

ಕ್ಲಾಸಿನಲ್ಲೇ ಮಾಡಿಸಬಹುದಾದ ಒಂದು ಚಟುವಟಿಕೆ ಹೇಳುತ್ತೇನೆ. ಮಕ್ಕಳ ಹುಟ್ಟಿದ ತಾರೀಖು ಬೋರ್ಡಿನ ಮೇಲೆ ಬರೆಸಿ. 40 ಮಕ್ಕಳಿದ್ದರೆ ಯಾರಾದರೂ ಇಬ್ಬರದು ಒಂದೇ ತಾರೀಖು ಆಗುವ ಸಾಧ್ಯತೆ ನೂರಕ್ಕೆ 89. 23 ಮಕ್ಕಳಿದ್ದರೇ ಅರ್ಧಕ್ಕಿಂತ ಜಾಸ್ತಿ. ಕೇಳಿದವರು ಮೊದಲು ನಂಬುವುದೇ ಇಲ್ಲ, 365 ದಿನ ಇದೆಯಲ್ಲ ಅನ್ನುತ್ತಾರೆ. ಲೆಕ್ಕ ಹೀಗೆ: 40 ಮಕ್ಕಳಲ್ಲಿ ಇಬ್ಬಿಬ್ಬರ ಜೋಡಿ ಮಾಡಿದರೆ 780 ಜೋಡಿ. ಅಷ್ಟು ಜೋಡಿಯಲ್ಲಿ ಒಂದಾದರೂ ಕೂಡುವುದು ದೊಡ್ಡ ಮಾತಲ್ಲ. ಚರಿತ್ರೆಯಲ್ಲಿ ಇರುವುದು ಸಾವಿರಾರು ಘಟನೆ, ತಾರೀಖು 366. ಯಾವ ದಿನ ತೆಗೆದುಕೊಂಡರೂ ಹಬ್ಬವೂ ಸಿಗುತ್ತದೆ, ಸೂತಕವೂ ಸಿಗುತ್ತದೆ.

ಒಂದು ಎಚ್ಚರಿಕೆ. ಶಾಲೆಯ ದಾಖಲಾತಿ ರಿಜಿಸ್ಟರ್ ನೋಡಿ ಮಾಡಿಸಬೇಡಿ, ಮನೆಯಲ್ಲಿ ಕೇಳಿಕೊಂಡು ಬರಲು ಹೇಳಿ. ರಿಜಿಸ್ಟರಿನಲ್ಲಿ ಜೂನ್ 1 ಎಷ್ಟು ಇರುತ್ತವೆ ಅಂತ ನಿಮಗೆ ಗೊತ್ತೇ ಇದೆ. ನಮ್ಮ ಅಪ್ಪ ಅಮ್ಮನ ಕಾಲದವರದ್ದಂತೂ ಮುಕ್ಕಾಲು ಪಾಲು ಅದೇ. ಹುಟ್ಟಿದ ದಿನ ಬರೆದಿಟ್ಟವರಿಲ್ಲ, ಶಾಲೆಗೆ ಸೇರಿಸುವಾಗ ಮೇಷ್ಟ್ರೇ ಒಂದು ತಾರೀಖು ಹಾಕಿಬಿಡುತ್ತಿದ್ದರು. ಇದನ್ನೂ ಮಕ್ಕಳಿಗೆ ತೋರಿಸಿ. ಅಜ್ಜ ಅಜ್ಜಿಯ ಆಧಾರ್ ಕಾರ್ಡಿನಲ್ಲಿ ಯಾವ ತಾರೀಖು ಇದೆ ಅಂತ ನೋಡಿಕೊಂಡು ಬರಲಿ. ಧಾರವಾಡದ ಸರ್ ಹೇಳಿದ "ತಾರೀಖು ಆರಿಸಿದವರು ಯಾರು" ಅನ್ನುವ ಪ್ರಶ್ನೆಗೆ ಅವರ ಮನೆಯಲ್ಲೇ ಉತ್ತರ ಸಿಗುತ್ತದೆ.

ಸಮಾಜ ಟೀಚರ್, ರಾಯಚೂರು ಜಿಲ್ಲೆ

ಎಲ್ಲರಿಗೂ ತುಂಬಾ ಧನ್ಯವಾದ. ಇಷ್ಟು ಸಿಗುತ್ತದೆ ಅಂತ ಅಂದುಕೊಂಡಿರಲಿಲ್ಲ. ಸೋಮವಾರ ಪಾಠ ಆಯಿತು. ಮೊದಲು ಜೊಹಾನ್ಸ್‌ಬರ್ಗ್ ಸಭೆಯ ಕತೆ ಹೇಳಿದೆ. ಎಂಟು ವರ್ಷದ ಮಕ್ಕಳೂ ಬೆರಳಚ್ಚು ಕೊಡಬೇಕು ಅಂದಾಗ ಒಬ್ಬಳು ಕೇಳಿದಳು: "ನಮ್ಮ ಆಧಾರಿಗೂ ಹತ್ತು ಬೆರಳು ಕೊಟ್ಟೀವಲ್ಲ ಟೀಚರ್?" ಅಲ್ಲಿಂದ ಅರ್ಧ ಪೀರಿಯಡ್ ಅದೇ ಚರ್ಚೆ. ಎಲ್ಲರಿಗೂ ಕೇಳುವುದು, ಒಂದು ಜನಾಂಗಕ್ಕೆ ಮಾತ್ರ ಕೇಳುವುದು, ಎರಡೂ ಒಂದೇನಾ? ಅವರೇ ಮಾತಾಡಿಕೊಂಡರು, ನಾನು ನಡುವೆ ಬಾಯಿ ಹಾಕಲಿಲ್ಲ.

ಮಂಗಳವಾರ ಅಂದಿದ್ದ ಹುಡುಗ 1906ರ ಕ್ಯಾಲೆಂಡರ್ ತೆಗೆದು ತಾನೇ ನೋಡಿದ. "ಹೌದು ಟೀಚರ್, ಮಂಗಳವಾರ" ಅಂತ ಎಲ್ಲರಿಗೂ ತೋರಿಸಿಕೊಂಡು ಬಂದ. ಮೊದಲು ಪ್ರಶ್ನೆ ಕೇಳಿದವನಿಗೆ ಖೇಜಡ್ಲಿ ಹಿಡಿಸಿದೆ. ಬನ್ನಿ ಟೊಂಗೆ ತರುವ ಕೆಲಸ ಅವನದೇ. 363 ಜನ ಅಂದರೆ ನಮ್ಮ ಶಾಲೆಗಿಂತ ಜಾಸ್ತಿ ಅಲ್ವಾ ಟೀಚರ್ ಅಂದ.

ಬೋರ್ಡಿನ ಕಾಗದದಲ್ಲಿ ಪ್ರತಿ ಘಟನೆಯ ಎದುರಿಗೆ 'ತಾರೀಖು ಆರಿಸಿದವರು' ಅಂತ ಒಂದು ಕಾಲಮ್ ಹಾಕಿದ್ದಾರೆ. ಶಿಕಾಗೋಕ್ಕೆ ಸಮ್ಮೇಳನದವರು, ಚಿಲಿಯ 1980ಕ್ಕೆ ಪಿನೊಚೆ, ಹುತಾತ್ಮರ ದಿನಕ್ಕೆ ಸಚಿವಾಲಯ, ವಿನೋಬಾ ಹುಟ್ಟಿಗೆ ಯಾರೂ ಇಲ್ಲ. ಖೇಜಡ್ಲಿಯ ಮುಂದೆ ತಿಥಿಯನ್ನೂ ಬರೆದಿದ್ದಾರೆ. ಒಂದು ಕೋಣೆ ಮಾತ್ರ ಖಾಲಿ ಇದೆ. 1906ರ ಸಭೆಗೆ ಏನು ಬರೆಯುವುದು ಸರ್? ಸಭೆ ಕರೆದವರು ಆರಿಸಿದರು ಅಂದರೆ ಸರಿಯಾಗುತ್ತದಾ?

ಧಾರವಾಡದ ಹಳೇ ಮೇಷ್ಟ್ರು

ಅದರ ಜೊತೆಗೆ ಟ್ರಾನ್ಸ್‌ವಾಲ್ ಸರ್ಕಾರದ ಹೆಸರನ್ನೂ ಬರೆಯಿಸಿ ಟೀಚರಮ್ಮ. ಕರಡು ಬಂದದ್ದು ಆಗಸ್ಟ್ 22, ಅದು ಶಾಸನಸಭೆಯಲ್ಲಿ ಪಾಸಾಗುವ ಹೊತ್ತು ಹತ್ತಿರ ಬರುತ್ತಿತ್ತು. ಅಷ್ಟರೊಳಗೆ ಊರೂರಿನವರಿಗೆ ಸುದ್ದಿ ಮುಟ್ಟಿಸಿ, ಮೂರು ಸಾವಿರ ಜನ ಹಿಡಿಸುವ ಜಾಗ ಹುಡುಕಬೇಕು. ಗಡುವು ಸರ್ಕಾರದ್ದು, ದಿನ ಇವರದ್ದು.

ಇನ್ನೊಂದು. 17ಕ್ಕೆ ನಿಮ್ಮಲ್ಲಿ ಕಲ್ಯಾಣ ಕರ್ನಾಟಕ ಉತ್ಸವದ ಧ್ವಜಾರೋಹಣ ಇರುತ್ತದಲ್ಲ. 11ರ ಕಾಗದ ಕೀಳದೆ ಪಕ್ಕದಲ್ಲೇ 13 ಮತ್ತು 17ರದ್ದು ಅಂಟಿಸಿ. ಊರಿನಲ್ಲಿ ರಜಾಕಾರರ (ನಿಜಾಮನ ಪರವಾಗಿದ್ದ ಖಾಸಗಿ ಪಡೆಯವರ) ಕಾಲ ಕಂಡ ಹಿರಿಯರು ಇನ್ನೂ ಇದ್ದರೆ ಮಕ್ಕಳನ್ನು ಈ ವಾರವೇ ಕಳಿಸಿ. ಅವರು ತಾರೀಖು ಹೇಳಲಿಕ್ಕಿಲ್ಲ. ಆಗ ಹೊಲದಲ್ಲಿ ಯಾವ ಬೆಳೆ ಇತ್ತು, ಹತ್ತಿರದಲ್ಲಿ ಯಾವ ಹಬ್ಬ ಆಗಿತ್ತು, ಮನೆಯಲ್ಲಿ ಯಾರು ಕೂಸು ಅಂತ ಕೇಳಲಿ. ಶೃಂಗೇರಿಯ ಸ್ನೇಹಿತರು ತಿಥಿ ಕೂಡಿಸಿ ತಾರೀಖು ಹೇಳಿಕೊಡುತ್ತಾರೆ.